ಕೋಟಿ ವರ್ಷಗಳ ನೆಪ

ಅಮೆರಿಕದ ಯೂಟಾ, ಅರಿಝೋನಾ ರಾಜ್ಯಗಳಲ್ಲಿ ಕೊಲೊರಾಡೊ ನದಿ ಕೊರೆದ ಗ್ಲೆನ್ ಕ್ಯಾನ್ಯನ್ ಎಂಬ ಕಣಿವೆಯಿದೆ. ಅದರ ಕೆಂಪು ಗೋಡೆಗಳಲ್ಲಿ ಎದ್ದು ಕಾಣುವುದು ನವಾಹೋ ಮರಳುಗಲ್ಲು. ಸುಮಾರು 19 ಕೋಟಿ ವರ್ಷಗಳ ಹಿಂದೆ ಅದು ಕಲ್ಲಾಗಿರಲಿಲ್ಲ, ಮರುಭೂಮಿಯ ಮರಳಾಗಿತ್ತು. ಗಾಳಿ ಮರಳನ್ನು ದಿಬ್ಬದ ಒಂದು ಮಗ್ಗುಲಿಂದ ಏರಿಸಿ ಇನ್ನೊಂದು ಮಗ್ಗುಲಿಗೆ ಸುರಿಯುತ್ತದೆ. ಹಾಗೆ ಸುರಿದ ಓರೆ ಪದರಗಳು ಇಂದಿಗೂ ಕಲ್ಲಿನಲ್ಲಿ ಗೆರೆಗೆರೆಯಾಗಿ ಉಳಿದಿವೆ. ಅಂದಿನ ಗಾಳಿಯ ದಿಕ್ಕನ್ನು ಅವುಗಳಿಂದಲೇ ಓದಬಹುದು. ಮೇಲೆ ಬಿದ್ದ ಹೊಸ ಪದರಗಳ ಭಾರ ಮರಳನ್ನು ಒತ್ತಿತು, ಅಂತರ್ಜಲ ತಂದ ಸುಣ್ಣ, ಸಿಲಿಕಾ, ಕಬ್ಬಿಣದ ಅಂಶಗಳು ಕಣಗಳನ್ನು ಬೆಸೆದವು. ಆ ಕಣಗಳಾದರೂ ಅಲ್ಲಿಯವೇ? ಮರಳಿನ ಝಿರ್ಕಾನ್ ಹರಳುಗಳ ವಯಸ್ಸನ್ನು ಅಳೆದವರ ಪ್ರಕಾರ, ಅದರಲ್ಲಿ ಬಹಳಷ್ಟು ಖಂಡದ ಇನ್ನೊಂದು ತುದಿಯ ಅಪಲೇಚಿಯನ್ ಬೆಟ್ಟಗಳು ಸವೆದು ಬಂದದ್ದು. ನದಿ ಈ ಕಲ್ಲನ್ನು ಕೊರೆದದ್ದು ತೀರಾ ಇತ್ತೀಚೆಗೆ, ಅಂದರೆ ಕಳೆದ ಕೆಲವು ದಶಲಕ್ಷ ವರ್ಷಗಳಲ್ಲಿ. (ಭೂವಿಜ್ಞಾನಿಗಳ 'ಇತ್ತೀಚೆಗೆ' ನಮಗೆ ಅಭ್ಯಾಸವಾಗುವುದು ಕಷ್ಟ.)

1963ರಲ್ಲಿ ಇದೇ ಕಲ್ಲಿಗೆ ಆನಿಸಿ ಕಟ್ಟಿದ 216 ಮೀಟರ್ ಎತ್ತರದ ಅಣೆಕಟ್ಟಿನ ಗೇಟುಗಳು ಮುಚ್ಚಿದವು, ಕಣಿವೆ ಮುಳುಗಿತು. ಇದಕ್ಕೆ ಮರುಗುವವರಿಗೆ ಸಿಗುವ ಒಂದು ಸಮಾಧಾನವಿದೆ: ಕಲ್ಲಿನ ಕಾಲದಲ್ಲಿ ಅಣೆಕಟ್ಟು ಒಂದು ಕ್ಷಣ, ಹೂಳು ತುಂಬುತ್ತದೆ, ನದಿ ಕಾಂಕ್ರೀಟನ್ನೂ ಕೊರೆದು ಹೋಗುತ್ತದೆ.

ಇದು ನಿಜವೇ ಇರಬಹುದು. ಆದರೆ ಈ ಲೆಕ್ಕ ಹಿಡಿದರೆ ಲೋಕದಲ್ಲಿ ಯಾವ ಅನ್ಯಾಯವೂ ಅನ್ಯಾಯವಾಗಿ ಉಳಿಯದು, ಕೊಲೆಯೂ ಸೇರಿ. ಜಲಾಶಯದ ನೀರು ರೇನ್‌ಬೋ ಬ್ರಿಡ್ಜ್ ಎಂಬ ಸಹಜ ಕಲ್ಲುಕಮಾನಿನ ಅಡಿಗೂ ನುಗ್ಗಿತು. ಅದೂ ಇದೇ ಮರಳುಗಲ್ಲಿನದು, ನವಾಹೋ ಜನರಿಗೆ ಪವಿತ್ರ. ಅವರಲ್ಲಿ ಕೆಲವರು 1974ರಲ್ಲಿ ನ್ಯಾಯಾಲಯಕ್ಕೆ ಹೋದರು. 1980ರಲ್ಲಿ ಮೇಲ್ಮನವಿ ನ್ಯಾಯಾಲಯ, ನೀರು ಸಂಗ್ರಹಿಸುವ ಸರ್ಕಾರದ ಹಿತವೇ ಮೇಲೆಂದಿತು.

ನೀರು, ವಿದ್ಯುತ್ತು ಬೇಕು ಎಂಬ ವಾದವನ್ನು ನಾನು ಗೌರವಿಸುತ್ತೇನೆ, ಒಪ್ಪದಿದ್ದರೂ. ಅದು ಮನುಷ್ಯರ ಅಗತ್ಯವನ್ನು ಮನುಷ್ಯರ ನಷ್ಟದ ಎದುರಿಗಿಟ್ಟು ತೂಗುತ್ತದೆ. ಕೋಟಿ ವರ್ಷಗಳ ಮಾತು ತೂಗುವುದೇ ಇಲ್ಲ. ಪಡೆದವರ ಲಾಭವನ್ನು ವರ್ಷಗಳಲ್ಲಿ ಎಣಿಸಿ, ಕಳೆದುಕೊಂಡವರ ನಷ್ಟವನ್ನು ಮಾತ್ರ ಯುಗಗಳಲ್ಲಿ ಎಣಿಸುತ್ತದೆ. ಅಣೆಕಟ್ಟಿನ ಕರೆಂಟು ಇವತ್ತೇ ಬೇಕು. ಪ್ರಾರ್ಥಿಸುವವರು ಮಾತ್ರ ನದಿ ಕೊರೆಯುವವರೆಗೆ ಕಾಯಬೇಕೇ?

2022, 2023ರ ಹೊತ್ತಿಗೆ ಬರದಿಂದ ಜಲಾಶಯ ಬಹಳ ಇಳಿಯಿತು. ಮುಳುಗಿದ್ದ ಪಕ್ಕದ ಕಣಿವೆಗಳು ಮತ್ತೆ ತಲೆ ಎತ್ತಿದವು. ನೀರು ನಿಂತಿದ್ದ ಎತ್ತರದವರೆಗೂ ಗೋಡೆಯ ಮೇಲೆ ಲವಣದ ಬಿಳಿ ಪಟ್ಟಿ. ಕೆಳಗೆ ಹೂಳಿನಲ್ಲಿ ವಿಲೋ ಸಸಿಗಳು ಚಿಗುರಿವೆ.