ಕಾನೂನು ಬಿಟ್ಟರೂ ಬಿಡದ ಸಾಲ

ಬಂಗಾಳದ ರಾಷ್ಟ್ರೀಯ ನಾಯಕ ಚಿತ್ತರಂಜನ ದಾಸರಿಗೆ ನಾಸ್ತಿಕನೆಂಬ ಹಣೆಪಟ್ಟಿ ಎಳೆ ವಯಸ್ಸಿನಲ್ಲೇ ಅಂಟಿತು. ಅವರ ‘ಮಾಲಂಚ’ ಕವನಗಳು ಬ್ರಾಹ್ಮ ಸಮಾಜದ ಹಿರಿಯರ ಕಣ್ಣು ಕೆಂಪಾಗಿಸಿದ್ದವು. 1897ರಲ್ಲಿ ಮದುವೆಯಾದಾಗ ಕೆಲವರು ಅತ್ತ ತಲೆಯೇ ಹಾಕಲಿಲ್ಲ. ಹುಡುಗ ಬ್ರಾಹ್ಮ ಮನೆತನದವನೇ! ಮುಂದೆ ದಾಸರು ವೈಷ್ಣವ ಭಕ್ತಿಗೆ ಒಲಿದರು. ಆದರೆ ಅವರ ಧರ್ಮ ಎಂಥದ್ದೆಂದು ತಿಳಿಯಲು ಪದ್ಯಗಳಿಗಿಂತ ಸಾಲದ ಲೆಕ್ಕ ನೋಡುವುದೇ ಮೇಲು.

ತಂದೆ ಭುವನ ಮೋಹನ ದಾಸ್ ಕಲ್ಕತ್ತೆಯ ಸಾಲಿಸಿಟರ್, ಕೈಬಿಚ್ಚಿ ಕೊಡುವ ಸ್ವಭಾವದವರು. ಸಾಲ ಮೈಮೇಲೆ ಬಂತು. 1906ರಲ್ಲಿ ತಂದೆ ಮಗ ಇಬ್ಬರೂ ದಿವಾಳಿ ಎದ್ದರು. ಅರವಿಂದ ಘೋಷರ ಪರ ಆಲಿಪುರ ಬಾಂಬ್ ಮೊಕದ್ದಮೆ ನಡೆಸಿ 1909ರಲ್ಲಿ ಗೆದ್ದ ಮೇಲೆ ಬ್ಯಾರಿಸ್ಟರ್ ದಾಸರ ಹೆಸರು ಎಲ್ಲೆಡೆ ಹಬ್ಬಿತು, ಸಂಪಾದನೆಯೂ ಹರಿದುಬಂತು. 1913ರಲ್ಲಿ ಅವರು ಹಳೆಯ ಸಾಲವನ್ನೆಲ್ಲ ತೀರಿಸಿದರು. ಕೋರ್ಟು ದಿವಾಳಿ ಎಂದ ಮೇಲೆ ಕಾನೂನಿನ ಪ್ರಕಾರ ಯಾರೂ ವಸೂಲಿ ಮಾಡಲಾಗದಿದ್ದ ಸಾಲ ಅದು. ಇದು ಅವರಿಗಿಂತ ಚೆನ್ನಾಗಿ ಯಾವ ವಕೀಲನಿಗೆ ಗೊತ್ತಿತ್ತು?

ಕೇಳುವ ಹಕ್ಕು ಸಾಲ ಕೊಟ್ಟವನಿಗೆ ಇಲ್ಲವಾದಾಗ ಋಣ ಉಳಿಯುತ್ತದೆಯೇ? ವೇದ ಹೇಳುವ ಪಿತೃಋಣ ತೀರುವುದು ಸಂತಾನದಿಂದ. ಅಲ್ಲಿ ಸಾಹುಕಾರನ ಪ್ರಸ್ತಾಪವಿಲ್ಲ. ಧರ್ಮಶಾಸ್ತ್ರಗಳು ಅಪ್ಪನ ಸಾಲವನ್ನು ಮಗನ ಹೆಗಲಿಗೆ ಹಾಕುತ್ತವೆ ನಿಜ, ಆದರೆ ಜೂಜು, ಕುಡಿತದ ಸಾಲವನ್ನು ಹೊರಗಿಡುತ್ತವೆ. ಅಂದರೆ ಶಾಸ್ತ್ರವೂ ಒಂದು ಕಡೆ ಗೆರೆ ಎಳೆದು ಕೈತೊಳೆದುಕೊಳ್ಳುತ್ತದೆ. ದಾಸರು ಕೋರ್ಟು ಎಳೆದ ಗೆರೆಯನ್ನು ದಾಟಿದರು. ದುಡ್ಡಿದ್ದವನ ದೊಡ್ಡತನ ಎಂದು ಮೂಗು ಮುರಿಯಬಹುದು. ಅಸಹಕಾರ ಚಳವಳಿ ಬಂದಾಗ ಆ ದುಡ್ಡಿನ ಮೂಲವಾದ ವಕೀಲಿಯನ್ನೇ ಅವರು ಬಿಟ್ಟರು ಎಂಬುದು ಇದಕ್ಕೆ ಉತ್ತರ.

ಇದೇ ಲೆಕ್ಕಾಚಾರ ರಾಜಕೀಯಕ್ಕೂ ಬಂತು, ಅಲ್ಲಿ ಪೆಟ್ಟೂ ತಿಂದಿತು. 1923ರ ಬಂಗಾಳ ಒಪ್ಪಂದದಲ್ಲಿ, ಸ್ವರಾಜ್ಯ ಬಂದ ಮೇಲೆ ಸರ್ಕಾರಿ ನೌಕರಿಗಳಲ್ಲಿ ಶೇ. 55ರಷ್ಟು ಮುಸ್ಲಿಮರಿಗೆ ಸಲ್ಲಬೇಕೆಂದು ಅವರು ಒಪ್ಪಿದರು. ಮಸೀದಿಯ ಮುಂದೆ ವಾದ್ಯ ಬಾರಿಸಬಾರದೆಂದೂ ಅದರಲ್ಲಿತ್ತು. ಸಂಖ್ಯೆಯಲ್ಲಿ ಹೆಚ್ಚಿದ್ದು ಅವಕಾಶದಲ್ಲಿ ಹಿಂದುಳಿದ ನೆರೆಯವರಿಗೆ ಸಲ್ಲಬೇಕಾದ ಬಾಕಿ ಇದು, ಇದಕ್ಕೂ ವಸೂಲಿ ಹುಕುಂ ಇರಲಿಲ್ಲ. ಕಾಕಿನಾಡ ಕಾಂಗ್ರೆಸ್ ಅಧಿವೇಶನ ಒಪ್ಪಂದವನ್ನು ತಳ್ಳಿಹಾಕಿತು. ಆದರೂ 1924ರಲ್ಲಿ ದಾಸರು ಕಲ್ಕತ್ತೆಯ ಮೊದಲ ಮೇಯರ್ ಆದಾಗ ಉಪಮೇಯರ್ ಆದವರು ಮುಸ್ಲಿಂ ನಾಯಕ ಹುಸೇನ್ ಶಹೀದ್ ಸುಹ್ರಾವರ್ದಿ.

ಕೈಗೆ ಬಂದ ಅಧಿಕಾರಕ್ಕೂ ಅವರು ಆಸೆಪಡಲಿಲ್ಲ. ಪ್ರಾಂತೀಯ ಶಾಸನಸಭೆಯಲ್ಲಿ ಅವರ ಸ್ವರಾಜ್ ಪಕ್ಷ ದೊಡ್ಡದಾಗಿದ್ದರೂ, ಗವರ್ನರ್ ಕರೆದರೂ, ಮಂತ್ರಿಮಂಡಲ ರಚಿಸಲು ದಾಸರು ಒಪ್ಪಲಿಲ್ಲ. 1925ರ ಜನವರಿಯಲ್ಲಿ ವಿಚಾರಣೆಯಿಲ್ಲದೆ ಬಂಧಿಸುವ ಮಸೂದೆ ಸಭೆಗೆ ಬಂದಾಗ ಅವರು ಕಾಯಿಲೆಯಲ್ಲಿದ್ದರು. ಅವರನ್ನು ಹೊತ್ತು ತಂದರು, ಮಸೂದೆ ಬಿತ್ತು. ಗವರ್ನರ್ ವಿಶೇಷಾಧಿಕಾರ ಚಲಾಯಿಸಿದ ಸಂಗತಿ ಬೇರೆ.

ಅದೇ ವರ್ಷದ ಜೂನ್ 16ರಂದು ಡಾರ್ಜಿಲಿಂಗಿನಲ್ಲಿ ತೀರಿಕೊಂಡಾಗ ಅವರಿಗೆ ಐವತ್ತನಾಲ್ಕು. ಮನೆಯನ್ನು ಅಷ್ಟರಲ್ಲಿ ಸಾರ್ವಜನಿಕ ಕೆಲಸಕ್ಕೆ ಬರೆದುಕೊಟ್ಟಿದ್ದರು. ಅದರ ಮೇಲೆ ಸಾಲವಿತ್ತು! ಗಾಂಧೀಜಿ ಬಂಗಾಳದಲ್ಲೇ ಉಳಿದು ಹತ್ತು ಲಕ್ಷದ ಸ್ಮಾರಕ ನಿಧಿಗೆ ಕೈಚಾಚಿದರು. ಆ ಮನೆ ಹೆಂಗಸರ ಆಸ್ಪತ್ರೆಯಾಯಿತು, ಚಿತ್ತರಂಜನ ಸೇವಾ ಸದನ.