ಹೆಣ, ಮಡಕೆ ಮತ್ತು ಸಾಕ್ಷಿ

ಧರ್ಮವನ್ನು ಕಣ್ಣಿನಿಂದ ಕಂಡು ತಿಳಿಯಲಾಗದು, ಶಬ್ದದಿಂದಲೇ ತಿಳಿಯಬೇಕು ಎಂಬುದು ವೈದಿಕ ದರ್ಶನಗಳಲ್ಲಿ ಬಹುಕಾಲದಿಂದ ಬೇರೂರಿರುವ ನಿಲುವು. ಯಜ್ಞ ಮಾಡಿದವನಿಗೆ ಪುಣ್ಯ ಬಂದದ್ದಾಗಲಿ, ಆಚಾರ ಮೀರಿದವನಿಗೆ ಪಾಪ ತಗುಲಿದ್ದಾಗಲಿ ಇಂದ್ರಿಯಗಳಿಗೆ ಗೋಚರಿಸುವುದಿಲ್ಲ. ಆದ್ದರಿಂದ ಅಂಥ ವಿಷಯಗಳಲ್ಲಿ ಪ್ರತ್ಯಕ್ಷ, ಅಂದರೆ ಇಂದ್ರಿಯಗಳಿಂದ ನೇರವಾಗಿ ಪಡೆದ ಅರಿವು, ಪ್ರಮಾಣವಾಗಲಾರದು, ವೇದ ಮತ್ತು ಅದನ್ನು ಅನುಸರಿಸಿದ ಸ್ಮೃತಿಗಳ ಮಾತಾದ ಆಗಮವೇ ಪ್ರಮಾಣ ಎಂದು ಮೀಮಾಂಸಕರು ವಾದಿಸಿದರು, ವೇದಾಂತಿಗಳೂ ಸ್ಥೂಲವಾಗಿ ಅದನ್ನು ಒಪ್ಪಿದರು. ಹಾಗಿದ್ದರೆ, ಕಾಣುವುದನ್ನು ಬಿಟ್ಟು ಬೇರೇನನ್ನೂ ಹಿಡಿಯಲಾರದ ಚಲನಚಿತ್ರವೆಂಬ ಕಲೆಗೆ ಧರ್ಮಜಿಜ್ಞಾಸೆಯಲ್ಲಿ ಏನು ಅಧಿಕಾರ? 1970ರಿಂದ 1977ರವರೆಗಿನ ಎಂಟು ವರ್ಷಗಳಲ್ಲಿ ದೇಶದ ಅತ್ಯುತ್ತಮ ಕಥಾಚಿತ್ರವೆಂಬ ಮನ್ನಣೆ ಪಡೆದ ಮೂರು ಕನ್ನಡ ಚಿತ್ರಗಳು, ‘ಸಂಸ್ಕಾರ’, ‘ಚೋಮನ ದುಡಿ’ ಮತ್ತು ‘ಘಟಶ್ರಾದ್ಧ’, ಈ ಪ್ರಶ್ನೆಗೆ ಕೊಟ್ಟ ಉತ್ತರವನ್ನು ಅವುಗಳ ಕಲಾತ್ಮಕ ಹೊಸತನದಷ್ಟೇ ಗಂಭೀರವಾಗಿ ಪರಿಶೀಲಿಸಬೇಕಾಗಿದೆ.

ಯು. ಆರ್. ಅನಂತಮೂರ್ತಿಯವರು 1965ರಲ್ಲಿ ಪ್ರಕಟಿಸಿದ ಕಾದಂಬರಿಯನ್ನು ಆಧರಿಸಿ ಪಟ್ಟಾಭಿರಾಮ ರೆಡ್ಡಿಯವರು ನಿರ್ದೇಶಿಸಿದ ‘ಸಂಸ್ಕಾರ’ದ ಬಿಕ್ಕಟ್ಟು ಹುಟ್ಟುವುದು ಒಂದು ಹೆಣದಿಂದ. ದೂರ್ವಾಸಪುರವೆಂಬ ಮಾಧ್ವ ಬ್ರಾಹ್ಮಣರ ಅಗ್ರಹಾರದಲ್ಲಿ ಮದ್ಯಮಾಂಸ ಸೇವಿಸುತ್ತ, ಚಂದ್ರಿಯೆಂಬ ಹೆಣ್ಣಿನೊಡನೆ ಬಾಳುತ್ತ, ಆಚಾರವನ್ನು ಬಹಿರಂಗವಾಗಿ ಧಿಕ್ಕರಿಸಿ ಬದುಕಿದ್ದ ನಾರಣಪ್ಪ ಶಿವಮೊಗ್ಗೆಯಿಂದ ಜ್ವರ ಹೊತ್ತು ಬಂದು ಸಾಯುತ್ತಾನೆ. ‘ಸಂಸ್ಕಾರ’ ಎಂಬ ಮಾತಿಗೆ ಶುದ್ಧಿಗೊಳಿಸುವ ಕರ್ಮವೆಂದೂ, ಮನಸ್ಸಿನ ಮೇಲೆ ಉಳಿದ ಮುದ್ರೆಯೆಂದೂ, ನಯಗೊಂಡ ನಡತೆಯೆಂದೂ ಅರ್ಥಗಳಿವೆ; ಇಲ್ಲಿ ಮೊದಲಿಗೆ ಎದುರಾಗುವುದು ಕೊನೆಯ ಸಂಸ್ಕಾರವಾದ ಅಂತ್ಯೇಷ್ಟಿ. ದಹನವೂ ಆ ನಂತರದ ಪಿಂಡಕರ್ಮಗಳೂ ನಡೆದು ಸಪಿಂಡೀಕರಣವಾಗುವ ತನಕ ಸತ್ತವನು ಪಿತೃಗಳ ಸಾಲಿಗೆ ಸೇರದೆ ಪ್ರೇತಸ್ಥಿತಿಯಲ್ಲಿ ಇರುತ್ತಾನೆಂಬುದು ನಂಬಿಕೆ, ಮತ್ತು ಹೆಣ ಮನೆಯಿಂದ ಹೊರಡುವ ತನಕ ಅಗ್ರಹಾರದಲ್ಲಿ ಯಾರೂ ಉಣ್ಣುವಂತಿಲ್ಲ, ದೇವರ ಪೂಜೆಯೂ ನಡೆಯುವಂತಿಲ್ಲ. ನಾರಣಪ್ಪನನ್ನು ಬದುಕಿದ್ದಾಗಲೇ ಬಹಿಷ್ಕರಿಸಿದ್ದರೆ ಈ ತೊಡಕು ಬರುತ್ತಿರಲಿಲ್ಲ. ಆದರೆ ಮುಸಲ್ಮಾನನಾಗಿಬಿಡುತ್ತೇನೆಂಬ ಅವನ ಬೆದರಿಕೆಗೆ ಅಂಜಿ ಅವರು ಸುಮ್ಮನಿದ್ದರು, ಹೀಗಾಗಿ ಅವನು ಬ್ರಾಹ್ಮಣನಾಗಿಯೇ ಸತ್ತನು. ಬ್ರಾಹ್ಮಣನ ಹೆಣವನ್ನು ಬ್ರಾಹ್ಮಣನೇ ಮುಟ್ಟಬೇಕು, ಆದರೆ ಈ ಹೆಣವನ್ನು ಮುಟ್ಟಿದರೆ ಬ್ರಾಹ್ಮಣ್ಯ ಉಳಿಯುವುದೇ ಎಂಬ ಇಕ್ಕಟ್ಟನ್ನು ಬಿಡಿಸುವ ಹೊಣೆ ಕಾಶಿಯಲ್ಲಿ ಓದಿ ಬಂದ ವೇದಾಂತಶಿರೋಮಣಿ ಪ್ರಾಣೇಶಾಚಾರ್ಯರ ಮೇಲೆ ಬೀಳುತ್ತದೆ.

ಆಚಾರ್ಯರು ರಾತ್ರಿಯಿಡೀ ಗ್ರಂಥಗಳನ್ನು ತಿರುವಿಹಾಕುತ್ತಾರೆ, ಗ್ರಂಥಗಳಲ್ಲಿ ಸಿಗದಿದ್ದಾಗ ಮಾರುತಿಯ ಗುಡಿಗೆ ಹೋಗಿ ಬಲಗಡೆಯ ಪ್ರಸಾದಕ್ಕಾಗಿ ಕಾಯುತ್ತಾರೆ, ಅಲ್ಲಿಯೂ ಉತ್ತರ ಬರುವುದಿಲ್ಲ. ಇಡೀ ಹುಡುಕಾಟವು ಶಬ್ದದ ಹುಡುಕಾಟವೆಂಬುದನ್ನು ಗಮನಿಸಬೇಕು: ಮೊದಲು ಋಷಿಯ ಶಬ್ದ, ಬಳಿಕ ದೇವರ ಸೂಚನೆ. ಅತ್ತ ಹೆಣ ಕೊಳೆಯುತ್ತಿದೆ, ಇಲಿಗಳು ಸಾಯುತ್ತಿವೆ, ಹದ್ದುಗಳು ಮಾಡಿನ ಮೇಲೆ ಬಂದು ಕೂರುತ್ತಿವೆ, ಹಸಿದವರು ನರಳುತ್ತಿದ್ದಾರೆ, ಚಂದ್ರಿ ಶವಸಂಸ್ಕಾರದ ಖರ್ಚಿಗೆಂದು ಬಿಚ್ಚಿಟ್ಟ ಚಿನ್ನದ ಮೇಲೆ ಹಲವರ ಕಣ್ಣು ನೆಟ್ಟಿದೆ. ಕಾದಂಬರಿಯ ಓದುಗ ಇದನ್ನೆಲ್ಲ ಆಚಾರ್ಯರ ಚಿಂತನೆಯ ಸುರುಳಿಯೊಳಗಿನಿಂದ ಗ್ರಹಿಸುತ್ತಾನೆ. ಚಿತ್ರದ ನೋಡುಗನಿಗಾದರೋ ಚಿಂತನೆಗಿಂತ ಮೊದಲು ವಸ್ತುಗಳೇ ಕಣ್ಣಿಗೆ ಬೀಳುತ್ತವೆ. ಕಪ್ಪುಬಿಳುಪಿನ ಚೌಕಟ್ಟಿನಲ್ಲಿ ತಾಳೆಗರಿಗೂ ಹದ್ದಿಗೂ ಸಮಾನ ಸ್ಥಾನ ಸಿಗುವುದರಿಂದ, ಗ್ರಂಥದಲ್ಲಿ ಹುಡುಕುತ್ತಿರುವ ಸಂಗತಿ ಅಂಗಳದಲ್ಲೇ ಬಿದ್ದಿದೆಯಲ್ಲ ಎಂಬ ಅನುಮಾನ ಯಾವ ಪಾತ್ರವೂ ಬಾಯಿಬಿಡುವ ಮೊದಲೇ ನೋಡುಗನಲ್ಲಿ ಹುಟ್ಟುತ್ತದೆ. ಮಾಧ್ಯಮದ ಮಿತಿಯೆಂದು ತೋರುವುದೇ ಇಲ್ಲಿ ತಾತ್ವಿಕ ವಾದವಾಗಿ ಪರಿಣಮಿಸಿದೆ.

ಆಚಾರ್ಯರು ಸೇರಿದ ಸಂಪ್ರದಾಯದಲ್ಲಿಯೇ ಈ ವಾದಕ್ಕೆ ನೆಲೆಯಿತ್ತು ಎಂಬುದು ಸಾಮಾನ್ಯವಾಗಿ ಚರ್ಚೆಗೆ ಬಾರದ ಸಂಗತಿ. ಮಧ್ವಾಚಾರ್ಯರ ದ್ವೈತದರ್ಶನದಲ್ಲಿ ಪ್ರತ್ಯಕ್ಷ, ಅನುಮಾನ (ತರ್ಕದಿಂದ ಪಡೆದ ಅರಿವು), ಆಗಮ ಎಂಬ ಮೂರು ಪ್ರಮಾಣಗಳಿದ್ದರೂ ಅವೆಲ್ಲದರ ಹಿಂದೆ ‘ಸಾಕ್ಷಿ’ ಎಂಬ ತತ್ತ್ವವಿದೆ. ಕಣ್ಣು, ಕಿವಿ, ಮನಸ್ಸುಗಳು ದೋಷಕ್ಕೆ ಒಳಗಾಗುವ ಇಂದ್ರಿಯಗಳಾದರೆ, ಸಾಕ್ಷಿಯು ಜೀವಾತ್ಮನ ಸ್ವರೂಪವೇ ಆಗಿರುವ ಇಂದ್ರಿಯ. ಸುಖದುಃಖಗಳನ್ನೂ ಕಾಲವನ್ನೂ ಅದು ನೇರವಾಗಿ ಅನುಭವಿಸುತ್ತದೆ, ಬೇರೆ ಪ್ರಮಾಣಗಳು ತಂದುಕೊಟ್ಟ ಅರಿವು ಸರಿಯೇ ಎಂದು ಕಡೆಯಲ್ಲಿ ನಿರ್ಣಯಿಸುವುದೂ ಅದೇ. ಇದರೊಂದಿಗೆ ‘ಉಪಜೀವ್ಯ ವಿರೋಧ’ವೆಂಬ ನ್ಯಾಯವೂ ಸೇರುತ್ತದೆ: ಒಂದು ಪ್ರಮಾಣ ತಾನು ಯಾವುದನ್ನು ಆಶ್ರಯಿಸಿ ಬದುಕಿದೆಯೋ ಅದನ್ನೇ ಅಲ್ಲಗಳೆಯಲಾರದು, ಆದ್ದರಿಂದ ಸಾಕ್ಷಿಯ ಅನುಭವಕ್ಕೆ ವಿರುದ್ಧವಾಗಿ ಶ್ರುತಿವಾಕ್ಯಕ್ಕೆ ಅರ್ಥ ಹೇಳುವಂತಿಲ್ಲ. ಜಗತ್ತು ಮಿಥ್ಯೆಯೆಂಬ ವಾದವನ್ನು ಖಂಡಿಸಲು, ಜೀವನಿಗೂ ಬ್ರಹ್ಮಕ್ಕೂ ಇರುವ ಭೇದವನ್ನು ಸ್ಥಾಪಿಸಲು ಮಾಧ್ವ ಆಚಾರ್ಯಪರಂಪರೆ ಈ ನ್ಯಾಯವನ್ನು ಬಳಸಿಕೊಂಡಿತು.

ಇಲ್ಲೊಂದು ಆಕ್ಷೇಪವನ್ನು ಎದುರಿಸಲೇಬೇಕು. ಜಗತ್ತಿನ ಸತ್ಯತ್ವ ಬೇರೆ, ಧರ್ಮಾಧರ್ಮಗಳ ನಿರ್ಣಯ ಬೇರೆ. ಎರಡನೆಯದು ಅತೀಂದ್ರಿಯವಾದ್ದರಿಂದ ಅಲ್ಲಿ ಆಗಮವೊಂದೇ ಗತಿ ಎಂದು ದ್ವೈತಿಗಳೂ ಹೇಳುತ್ತಾರೆ, ಆದ್ದರಿಂದ ಪ್ರಾಣೇಶಾಚಾರ್ಯರು ಗ್ರಂಥ ತೆರೆದದ್ದು ತಪ್ಪೆನ್ನಲಾಗದು. ಈ ಆಕ್ಷೇಪ ಬಲವಾದದ್ದು. ಆದರೆ ಯಾವ ಕರ್ಮದಿಂದ ಯಾವ ಲೋಕ ಸಿಗುತ್ತದೆಂಬುದು ಅತೀಂದ್ರಿಯವೇ ಹೊರತು, ಒಬ್ಬ ಮನುಷ್ಯ ಸತ್ತಿದ್ದಾನೆ, ಅವನ ದೇಹ ಕೊಳೆಯುತ್ತಿದೆ, ಅವನಿಗಾಗಿ ಅಳುವ ಒಬ್ಬಳು ಜಗಲಿಯಲ್ಲಿ ಕೂತಿದ್ದಾಳೆ ಎಂಬುದು ಅತೀಂದ್ರಿಯವಲ್ಲ. ಶಾಸ್ತ್ರ ಮಾತಾಡಬೇಕಾದ ಸೀಮೆ ಎಲ್ಲಿಗೆ ಮುಗಿಯುತ್ತದೆ, ಸಾಕ್ಷಿ ಮಾತಾಡಬೇಕಾದ ಸೀಮೆ ಎಲ್ಲಿಂದ ತೊಡಗುತ್ತದೆ ಎಂಬ ಗಡಿಯ ಪ್ರಶ್ನೆಯನ್ನು ಅಗ್ರಹಾರ ಕೇಳಿಕೊಳ್ಳಲಿಲ್ಲ. ಕೇಳಿಕೊಳ್ಳದೆಯೇ ಅದನ್ನು ದಾಟಿದವಳು ಚಂದ್ರಿ. ಗುಡಿಯಿಂದ ಮರಳುತ್ತಿದ್ದ ಆಚಾರ್ಯರೊಡನೆ ಕಾಡಿನಲ್ಲಿ ಕೂಡಿದ ರಾತ್ರಿಯೇ ಅವಳು ಅಗ್ರಹಾರಕ್ಕೆ ಮರಳಿ, ಒಬ್ಬ ಮುಸಲ್ಮಾನನ ನೆರವಿನಿಂದ ಹೆಣವನ್ನು ಸಾಗಿಸಿ ಸುಟ್ಟುಬಿಡುತ್ತಾಳೆ. ಮಂತ್ರವಿಲ್ಲದ ಆ ದಹನದಿಂದ ನಾರಣಪ್ಪನಿಗೆ ಸದ್ಗತಿ ಸಿಕ್ಕಿತೇ ಎಂಬುದನ್ನು ಚಿತ್ರ ಹೇಳುವುದಿಲ್ಲ, ಹೇಳಲು ಅದಕ್ಕೆ ಸಾಧ್ಯವೂ ಇಲ್ಲ. ಉರಿಯುವ ಬೆಂಕಿಯನ್ನು ಮಾತ್ರ ಅದು ತೋರಿಸಬಲ್ಲದು. ಆ ಬೆಂಕಿಯ ವಿಷಯ ಆಚಾರ್ಯರಿಗೆ ಗೊತ್ತಿಲ್ಲ, ನೋಡುಗನಿಗೆ ಗೊತ್ತಿದೆ. ಪಂಡಿತನಿಗಿಂತ ಹೆಚ್ಚು ಬಲ್ಲವನಾಗಿ, ಆದರೆ ಅವನಿಗೆ ತಿಳಿಸಲಾರದವನಾಗಿ ಕೂರುವ ಈ ಸ್ಥಿತಿಯೇ ಚಿತ್ರವು ನೋಡುಗನಿಗೆ ಒಪ್ಪಿಸುವ ಸಾಕ್ಷಿಪದವಿ.

ಇಂಥ ಕೃತಿ ರೂಪುಗೊಂಡದ್ದು ಚಿತ್ರೋದ್ಯಮದ ಪಳಗಿದ ಕೈಗಳಿಂದಲ್ಲ ಎಂಬುದಕ್ಕೂ ಅದರ ವಿಚಾರಕ್ಕೂ ಸಂಬಂಧವಿದೆ. ಪಟ್ಟಾಭಿರಾಮ ರೆಡ್ಡಿಯವರು ತೆಲುಗು ಕವಿ, ಕನ್ನಡ ಅವರ ಮನೆಮಾತಲ್ಲ, ನಿರ್ದೇಶನಕ್ಕೆ ಅದು ಅವರ ಮೊದಲ ಹೆಜ್ಜೆ. ಚಿತ್ರಕಥೆ ಬರೆದು ಪ್ರಾಣೇಶಾಚಾರ್ಯರಾಗಿ ನಟಿಸಿದ ಗಿರೀಶ ಕಾರ್ನಾಡರು ಅದಾಗಲೇ ನಾಟಕಕಾರರಾಗಿ ಹೆಸರಾಗಿದ್ದರೂ ಚಿತ್ರರಂಗಕ್ಕೆ ಹೊಸಬರು. ನಾರಣಪ್ಪನಾದವರು ಸಾಹಿತಿ ಪಿ. ಲಂಕೇಶ್, ಚಂದ್ರಿಯಾದವರು ಸ್ನೇಹಲತಾ ರೆಡ್ಡಿ, ಸಂಗೀತ ಸರೋದ್ ವಾದಕ ರಾಜೀವ ತಾರಾನಾಥರದು. ಕ್ಯಾಮೆರಾ ಹಿಡಿದ ಟಾಮ್ ಕೋವನ್ ಆಸ್ಟ್ರೇಲಿಯದವರು. ಶೃಂಗೇರಿಯ ಸಮೀಪದ ವೈಕುಂಠಪುರದ ಮನೆಗಳನ್ನೂ ಮುಖಗಳನ್ನೂ ನೋಡಿದ ಆ ಕಣ್ಣಿಗೆ ಯಾವುದು ಮಡಿ ಯಾವುದು ಮೈಲಿಗೆ ಎಂಬ ಪೂರ್ವಸಂಸ್ಕಾರವಿರಲಿಲ್ಲ. ಪರಿಚಿತ ಅರ್ಥಗಳ ಪೊರೆಯಿಲ್ಲದ ಆ ನೋಟದ ಗುಣ ಚಿತ್ರದುದ್ದಕ್ಕೂ ಉಳಿದಿದೆ. ಮದರಾಸಿನ ಸೆನ್ಸಾರ್ ಮಂಡಳಿ ಚಿತ್ರವನ್ನು ತಡೆಯಿತು, ಕೇಂದ್ರದ ವಾರ್ತಾ ಮತ್ತು ಪ್ರಸಾರ ಸಚಿವಾಲಯ ಆ ತಡೆಯನ್ನು ತೆಗೆಯಿತು, ಅದೇ ಚಿತ್ರಕ್ಕೆ 1970ನೆಯ ಸಾಲಿನ ರಾಷ್ಟ್ರಪತಿಗಳ ಸ್ವರ್ಣಪದಕ ದೊರೆಯಿತು. ಆ ಗೌರವ ಕನ್ನಡಕ್ಕೆ ಬಂದದ್ದು ಅದೇ ಮೊದಲು. ತೋರಿಸಬಾರದ್ದು ಎಂಬ ತೀರ್ಪೂ ಎಲ್ಲಕ್ಕಿಂತ ಮಿಗಿಲಾದದ್ದು ಎಂಬ ತೀರ್ಪೂ ಒಂದೇ ಪ್ರಭುತ್ವದ ಎರಡು ಅಂಗಗಳಿಂದ ಬಂದಿದ್ದವು. ಪ್ರಶಸ್ತಿಯ ನಿಜವಾದ ಉಪಯೋಗ ಅಲ್ಲಿತ್ತು: ಕಾಣುವ ಹಕ್ಕೇ ವಿವಾದದಲ್ಲಿದ್ದಾಗ ಅದು ಆ ಹಕ್ಕಿನ ಪರವಾಗಿ ನಿಂತಿತು.

ಶಿವರಾಮ ಕಾರಂತರ ಕಾದಂಬರಿಯನ್ನು ಆಧರಿಸಿ ಬಿ. ವಿ. ಕಾರಂತರು 1975ರಲ್ಲಿ ನಿರ್ದೇಶಿಸಿದ ‘ಚೋಮನ ದುಡಿ’ಯಲ್ಲಿ ಶಾಸ್ತ್ರಕ್ಕೂ ಸಾಕ್ಷಿಗೂ ನಡುವಿನ ಗಡಿಯ ಪ್ರಶ್ನೆ ಇನ್ನೂ ಬರಿಮೈಯಾಗಿ ಬರುತ್ತದೆ. ಅಸ್ಪೃಶ್ಯನಾದ ಚೋಮನ ಮಗ ಹೊಳೆಯಲ್ಲಿ ಮುಳುಗುತ್ತಿರುವಾಗ ದಡದಲ್ಲಿರುವವರು ನೋಡುತ್ತಾರೆ, ಮುಟ್ಟುವುದಿಲ್ಲ. ಅಲ್ಲಿ ಗ್ರಂಥಶೋಧನೆಗೆ ಸಮಯವಿಲ್ಲ, ಅದರ ಅಗತ್ಯವೂ ಯಾರಿಗೂ ಕಾಣುವುದಿಲ್ಲ. ಶಾಸ್ತ್ರವು ಕೈಗಳಲ್ಲಿಯೇ ಇಳಿದು ಗಟ್ಟಿಯಾಗಿದೆ.

ಎರಡು ವರ್ಷಗಳ ಬಳಿಕ ಗಿರೀಶ ಕಾಸರವಳ್ಳಿಯವರು ‘ಘಟಶ್ರಾದ್ಧ’ವನ್ನು ಕೈಗೆತ್ತಿಕೊಂಡಾಗ ‘ಸಂಸ್ಕಾರ’ದ ಪ್ರಶ್ನೆ ತಲೆಕೆಳಗಾಯಿತು. ಅದೂ ಅನಂತಮೂರ್ತಿಯವರದೇ ಕಥೆ. ಇಬ್ಬರೂ ತೀರ್ಥಹಳ್ಳಿ ತಾಲ್ಲೂಕಿನವರು. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್‌ನಲ್ಲಿ ಕಲಿತು ಬಂದ ಕಾಸರವಳ್ಳಿಯವರಿಗೆ ಆಗಿನ್ನೂ ಮೂವತ್ತು ತುಂಬಿರಲಿಲ್ಲ, ಇದು ಅವರ ಮೊದಲ ಕಥಾಚಿತ್ರ. ‘ಸಂಸ್ಕಾರ’ದಲ್ಲಿ ಸತ್ತವನಿಗೆ ಮರಣಕರ್ಮ ಸಿಗುವುದಿಲ್ಲ, ಇಲ್ಲಿ ಬದುಕಿರುವವಳಿಗೆ ಮರಣಕರ್ಮ ನಡೆಯುತ್ತದೆ. ವೇದಪಾಠಶಾಲೆ ನಡೆಸುವ ಉಡುಪರ ವಿಧವೆ ಮಗಳು ಯಮುನಾ ಶಾಲಾಮಾಸ್ತರನಿಂದ ಗರ್ಭಿಣಿಯಾಗುತ್ತಾಳೆ, ಗರ್ಭ ತೆಗೆಸಲಾಗುತ್ತದೆ, ಸುದ್ದಿ ಹೊರಬೀಳುತ್ತದೆ, ತಂದೆಯೇ ಅವಳ ಶ್ರಾದ್ಧ ಮಾಡಿ ಮಡಕೆಯೊಡೆದು ಅವಳನ್ನು ಹೊರಹಾಕುತ್ತಾನೆ. ಘಟವೆಂದರೆ ಮಡಕೆ, ಅದು ಒಡೆದ ಮೇಲೆ ಆ ವ್ಯಕ್ತಿ ಕುಲದ ಪಾಲಿಗೆ ಸತ್ತಂತೆ.

ಈ ಕರ್ಮದ ಮೂಲವನ್ನು ಹುಡುಕಿದರೆ ಮನುಸ್ಮೃತಿಯ ಹನ್ನೊಂದನೆಯ ಅಧ್ಯಾಯಕ್ಕೆ ಬರಬೇಕಾಗುತ್ತದೆ. ಪತಿತನಾದವನಿಗೆ ಬಂಧುಗಳು ಸತ್ತವನಿಗೆಂಬಂತೆ ಜಲಕರ್ಮ ಮಾಡಬೇಕು, ದಾಸಿಯೊಬ್ಬಳು ನೀರು ತುಂಬಿದ ಮಡಕೆಯನ್ನು ಕಾಲಿನಿಂದ ಉರುಳಿಸಬೇಕು, ಬಳಿಕ ಅವನೊಡನೆ ಮಾತನ್ನೂ ಆಡಬಾರದು ಎಂದು ಅಲ್ಲಿ ವಿಧಿಸಲಾಗಿದೆ. ಆದರೆ ಆ ಸ್ಮೃತಿ ಅಷ್ಟಕ್ಕೇ ನಿಲ್ಲುವುದಿಲ್ಲ. ಪತಿತನು ಪ್ರಾಯಶ್ಚಿತ್ತ ಮಾಡಿಕೊಂಡರೆ ಬಂಧುಗಳು ಅವನೊಡನೆ ಶುದ್ಧವಾದ ಕೊಳದಲ್ಲಿ ಮಿಂದು, ನೀರು ತುಂಬಿದ ಹೊಸ ಮಡಕೆಯೊಂದನ್ನು ನೀರಿಗೆ ಬಿಟ್ಟು, ಅವನನ್ನು ಮರಳಿ ಸೇರಿಸಿಕೊಳ್ಳಬೇಕೆನ್ನುತ್ತದೆ. ಅದಕ್ಕಿಂತ ಮುಖ್ಯವಾಗಿ, ಪತಿತೆಯಾದ ಹೆಣ್ಣಿಗೂ ಇದೇ ವಿಧಿಯಾದರೂ ಅವಳಿಗೆ ಬಟ್ಟೆ, ಅನ್ನ, ನೀರು ಕೊಡಬೇಕು, ಅವಳು ಮನೆಯ ಸಮೀಪದಲ್ಲಿಯೇ ವಾಸಿಸಬೇಕು ಎಂದು ಸ್ಪಷ್ಟವಾಗಿ ಹೇಳುತ್ತದೆ. ಹೆಣ್ಣಿನ ವಿಷಯದಲ್ಲಿ ಕಠೋರವೆಂದು ಸರಿಯಾಗಿಯೇ ಟೀಕೆಗೊಳಗಾದ ಗ್ರಂಥವೊಂದು ಕೂಡ ಉಳಿಸಿಟ್ಟಿದ್ದ ಆ ಹಿಡಿ ಅನ್ನ, ಆ ತುಂಡು ಬಟ್ಟೆ, ಮನೆಯ ಪಕ್ಕದ ಆ ನೆರಳು ಚಿತ್ರದ ಅಗ್ರಹಾರದಲ್ಲಿ ಎಲ್ಲಿಯೂ ಇಲ್ಲ. ಶಬ್ದವನ್ನೇ ಪ್ರಮಾಣವೆಂದು ಹಿಡಿದ ಸಮಾಜ ಶಬ್ದವನ್ನಾದರೂ ಪೂರ್ತಿಯಾಗಿ ಓದಿತೇ ಎಂದು ಇಲ್ಲಿ ಕೇಳಬೇಕಾಗುತ್ತದೆ, ಮತ್ತು ಇಲ್ಲವೆಂಬುದೇ ಉತ್ತರವೆಂದು ಒಪ್ಪದೆ ವಿಧಿಯಿಲ್ಲ.

ಯಮುನೆಗೆ ಆದದ್ದೆಲ್ಲವನ್ನೂ ನೋಡುವವನು ನಾಣಿ, ಪಾಠಶಾಲೆಗೆ ಹೊಸದಾಗಿ ಸೇರಿದ ಚಿಕ್ಕ ಹುಡುಗ. ಮನೆ ಬಿಟ್ಟು ಬಂದ ಅವನಿಗೆ ಅಕ್ಕರೆ ತೋರಿದವಳು ಯಮುನಕ್ಕ ಒಬ್ಬಳೇ. ಅವಳು ಸಾಯಲೆಂದು ಹಾವಿನ ಹುತ್ತಕ್ಕೆ ಕೈಯಿಡುವಾಗಲೂ ಅವನು ಬಳಿಯಲ್ಲಿರುತ್ತಾನೆ. ಮುಂಡಕೋಪನಿಷತ್ತಿನಲ್ಲಿ ಒಂದೇ ಮರದ ಮೇಲೆ ಕೂತ ಎರಡು ಹಕ್ಕಿಗಳ ರೂಪಕವಿದೆ, ಒಂದು ಹಣ್ಣನ್ನು ತಿನ್ನುತ್ತದೆ, ಇನ್ನೊಂದು ತಿನ್ನದೆ ನೋಡುತ್ತದೆ. ಅದ್ವೈತದಲ್ಲಿ ಸಾಕ್ಷಿಯೆಂದರೆ ಇಂಥ ನಿರ್ಲಿಪ್ತ ಚೈತನ್ಯ. ದೀಪವು ತಾನು ಬೆಳಗಿದ ಕೋಣೆಯ ಆಗುಹೋಗುಗಳಿಗೆ ಅಂಟದಂತೆ ಅದು ಯಾವುದಕ್ಕೂ ಅಂಟುವುದಿಲ್ಲ. ನಾಣಿಯ ಸಾಕ್ಷಿತ್ವ ಈ ಬಗೆಯದಲ್ಲ. ಅವನು ನೋಡುತ್ತಾನೆ, ನೋಡಿದ್ದರಿಂದ ಬೇಯುತ್ತಾನೆ, ಯಾವುದು ಸರಿಯಲ್ಲವೆಂಬುದು ಅವನಿಗೆ ಯಾರೂ ಹೇಳಿಕೊಡದೆ ತಿಳಿಯುತ್ತದೆ, ಆ ತಿಳಿವಿಗೆ ಬೇಕಾದ ಮಾತು ಮಾತ್ರ ಅವನಲ್ಲಿಲ್ಲ. ದ್ವೈತಿಗಳು ಹೇಳುವ, ಸುಖದುಃಖಗಳನ್ನು ಉಣ್ಣುತ್ತಲೇ ನಿರ್ಣಯಿಸುವ ಸಾಕ್ಷಿಗೆ ಈ ಹುಡುಗನ ಮುಖಕ್ಕಿಂತ ಹತ್ತಿರದ ಚಿತ್ರ ಸಿಗಲಾರದು. ಎಸ್. ರಾಮಚಂದ್ರ ಅವರ ಕ್ಯಾಮೆರಾ ಹೆಚ್ಚಿನ ಕಡೆ ಅವನ ಸಂಗಡವೇ ಇರುವುದರಿಂದ ನೋಡುಗನೂ ಬಾಲಕನ ಎತ್ತರಕ್ಕೆ ಇಳಿಯಬೇಕಾಗುತ್ತದೆ. ನಾಣಿಯಾದ ಅಜಿತ್ ಕುಮಾರನಿಗೆ ಅತ್ಯುತ್ತಮ ಬಾಲನಟ ಪ್ರಶಸ್ತಿ, ಬಿ. ವಿ. ಕಾರಂತರಿಗೆ ಸಂಗೀತದ ಪ್ರಶಸ್ತಿ, ಚಿತ್ರಕ್ಕೆ ಅತ್ಯುತ್ತಮ ಕಥಾಚಿತ್ರದ ಸ್ವರ್ಣಕಮಲ ಬಂದವು. ಇವುಗಳಲ್ಲಿ ಮೊದಲನೆಯದು ಒಂದು ನೋಟಕ್ಕೆ ಸಂದ ಗೌರವವೆಂದು ತಿಳಿಯುವುದು ಹೆಚ್ಚು ಸರಿ.

ಈ ಚಿತ್ರಗಳ ಬಗ್ಗೆ ಹೇಳಲೇಬೇಕಾದ ಕೊರತೆಯೂ ಇದೆ. ಆಚಾರ್ಯರ ಮನಸ್ಸು, ನಾಣಿಯ ಕಣ್ಣು ಇವೆರಡಕ್ಕೂ ಚಿತ್ರಗಳು ತೆರೆದುಕೊಂಡಷ್ಟು ಚಂದ್ರಿಯ ಕಡೆಗಾಗಲಿ ಯಮುನೆಯ ಕಡೆಗಾಗಲಿ ತೆರೆದುಕೊಳ್ಳುವುದಿಲ್ಲ. ನೋವುಂಡವರು ಕಾಣಿಸಿಕೊಳ್ಳುತ್ತಾರೆ, ಆದರೆ ಅವರು ಕಂಡದ್ದೇನೆಂಬುದು ತೆರೆಗೆ ಪೂರ್ತಿ ಬರುವುದಿಲ್ಲ. ಹೆಣ್ಣನ್ನೇ ನೋಡುವವಳನ್ನಾಗಿಸುವ ಕೆಲಸವನ್ನು ಕಾಸರವಳ್ಳಿಯವರೇ ಮುಂದೆ ‘ತಾಯಿ ಸಾಹೇಬ’, ‘ದ್ವೀಪ’ಗಳಲ್ಲಿ ಕೈಗೊಂಡರು, ಅವೆರಡಕ್ಕೂ ಸ್ವರ್ಣಕಮಲ ಬಂದದ್ದನ್ನು ನೆನೆದರೆ ‘ಘಟಶ್ರಾದ್ಧ’ದಲ್ಲಿ ಉಳಿದ ಬಾಕಿಯನ್ನು ಅವರು ಮರೆಯಲಿಲ್ಲವೆಂದು ತೋರುತ್ತದೆ.

2024ರಲ್ಲಿ ‘ಘಟಶ್ರಾದ್ಧ’ ದುರಸ್ತಿಗೊಂಡು ವೆನಿಸ್ ಚಿತ್ರೋತ್ಸವದ ಹಳೆಯ ಮೇರುಕೃತಿಗಳ ವಿಭಾಗದಲ್ಲಿ ತೆರೆ ಕಂಡಿತು. ಸಪಿಂಡ, ಸೂತಕ, ಪತಿತೆ ಎಂಬ ಯಾವ ಮಾತನ್ನೂ ಅರಿಯದ ಜನರ ಎದುರು, ತಂದೆಯ ಜೊತೆ ಊರು ಬಿಟ್ಟು ಹೊರಟ ನಾಣಿ ಮತ್ತೊಮ್ಮೆ ಹಿಂದಿರುಗಿ ನೋಡಿದನು, ತಲೆ ಬೋಳಿಸಿದ ಯಮುನಕ್ಕ ಮರದ ಕೆಳಗೆ ಒಬ್ಬಳೇ ಕೂತಿದ್ದಳು.