ಕ್ರೋಧನ ಸಂವತ್ಸರದ ಜಿನಾಲಯ

ಹೊಸಪೇಟೆಯ ಬಂಧುಗಳೊಬ್ಬರ ಮನೆಯಲ್ಲಿ ಕಾಲೇಜು ವಿದ್ಯಾರ್ಥಿಯಾದ ಅವರ ಮಗನು ತಾನು ಬರೆಯುತ್ತಿರುವ ಅದ್ಭುತಕಥೆಯೊಂದರ ಟಿಪ್ಪಣಿಗಳನ್ನು ನನಗೆ ತೋರಿಸಿದನು. ಕಥೆಯ ಲೋಕಕ್ಕೆ ಇಬ್ಬರು ಚಂದ್ರರು. ವರ್ಷಕ್ಕೆ 400 ದಿನಗಳು, ಹತ್ತು ಮಾಸಗಳು. ಕೊನೆಯದು ‘ಮಬ್ಬುಮಾಸ’. ಇಬ್ಬರು ಚಂದ್ರರೂ ಮರೆಯಾಗುವ ಆ 40 ದಿನಗಳಲ್ಲಿ ಆಡಿದ ಸುಳ್ಳಿಗೂ ಮಾಡಿದ ಮೋಸಕ್ಕೂ ದೋಷವಿಲ್ಲವೆಂಬುದು ಅಲ್ಲಿಯ ಕಟ್ಟಳೆ. “ಮಾವ, ಇದು ಪೂರ್ತಿ ನನ್ನ ಕಲ್ಪನೆಯೇನಲ್ಲ. ಪಂಚಮಕಾಲವೆಂದು ಹೇಳಿ ನಾವೂ ಎಲ್ಲವನ್ನೂ ಒಪ್ಪಿಕೊಳ್ಳುತ್ತೇವಲ್ಲ?” ಎಂದು ನಕ್ಕನು. ಆದರೆ ಅದು ನಕ್ಕು ಮರೆಯುವ ಪ್ರಶ್ನೆಯಲ್ಲ. ಕಾಲಗಣನೆಯು ಮನುಷ್ಯನ ಹೊಣೆಯನ್ನು ಇಳಿಸಬಲ್ಲುದೆ?

ಜೈನದರ್ಶನವು ಕಾಲವನ್ನು ನಿಶ್ಚಯಕಾಲ, ವ್ಯವಹಾರಕಾಲವೆಂದು ಎರಡು ಬಗೆಯಾಗಿ ಕಾಣುತ್ತದೆ. ಮುಹೂರ್ತ, ದಿನ, ಮಾಸ, ವರ್ಷಗಳು ವ್ಯವಹಾರಕಾಲ. ಸಾಮಾಯಿಕಕ್ಕೆ 48 ನಿಮಿಷಗಳ ಮುಹೂರ್ತ ಬೇಕು. ಉಪವಾಸಕ್ಕೆ ಅಷ್ಟಮಿ, ಚತುರ್ದಶಿಗಳು ಬೇಕು. ಇನ್ನು ದ್ರವ್ಯಗಳ ಪರಿಣಮನಕ್ಕೆ ಸಹಕಾರಿಯಾದ ನಿಶ್ಚಯಕಾಲವೂ ಉದಾಸೀನ ನಿಮಿತ್ತವೇ ಹೊರತು ಪ್ರೇರಕವಲ್ಲ. ಕುಂಬಾರನ ಚಕ್ರಕ್ಕೆ ಕೆಳಗಿನ ಕೀಲು ಆಧಾರ. ಆದರೆ ಗಡಿಗೆ ಸೊಟ್ಟಗಾದರೆ ಕೀಲನ್ನು ಯಾರೂ ದೂರುವುದಿಲ್ಲ.

ಹಾಗಾದರೆ ಪಂಚಮಕಾಲದ ಮಾತು ಸುಳ್ಳೇ ಎಂದು ಕೇಳಬಹುದು. ಅಲ್ಲ. ಅವಸರ್ಪಿಣಿಯ ಐದನೆಯದಾದ ಈ ದುಃಷಮಾ ಕಾಲದ ಅವಧಿ 21,000 ವರ್ಷಗಳು; ವೀರನಿರ್ವಾಣದಿಂದ ಕಳೆದಿರುವುದು ಎರಡೂವರೆ ಸಾವಿರಕ್ಕೆ ತುಸು ಹೆಚ್ಚು. ಈ ಕಾಲದಲ್ಲಿ ಹುಟ್ಟಿದವರಿಗೆ ಇಲ್ಲಿಂದ ನೇರ ಮೋಕ್ಷವಿಲ್ಲವೆಂದು ಆಗಮವು ಹೇಳುತ್ತದೆ. ಆದರೆ ಸಮ್ಯಕ್ತ್ವವಿಲ್ಲ, ಅಣುವ್ರತವಿಲ್ಲ, ಧರ್ಮಧ್ಯಾನವಿಲ್ಲ ಎಂದು ಅದು ಹೇಳಿಲ್ಲ. ಶಿಖರವು ದೂರವಿದೆಯೆಂಬ ಮಾತನ್ನು ಮೆಟ್ಟಿಲೇ ಇಲ್ಲವೆಂದು ತಿರುಚಿಕೊಂಡವರು ನಾವು.

ಇದಕ್ಕೆ ಸಾಕ್ಷಿ ಹಂಪೆಯ ಕಲ್ಲುಗಳಲ್ಲಿಯೇ ಇದೆ. ಕಮಲಾಪುರದಿಂದ ಕಂಪ್ಲಿಗೆ ಹೋಗುವ ರಸ್ತೆಯ ಬದಿಯಲ್ಲಿ ಜನರು ಗಾಣಗಿತ್ತಿ ದೇವಾಲಯವೆಂದು ಕರೆಯುವ ಬಸದಿಯುಂಟು. ಎರಡನೆಯ ಹರಿಹರನ ದಂಡನಾಯಕನಾದ ಇರುಗಪ್ಪನು ಕುಂಥುನಾಥ ಜಿನರಿಗಾಗಿ ಅದನ್ನು ಕಟ್ಟಿಸಿದನೆಂದು ಮುಂದಿರುವ ಸ್ತಂಭದ ಶಾಸನ ಹೇಳುತ್ತದೆ. ಕಾಲ: ಶಕವರ್ಷ 1307, ಕ್ರೋಧನ ಸಂವತ್ಸರ, ಎಂದರೆ ಕ್ರಿ.ಶ. 1385-86. ವೀರನಿರ್ವಾಣವಾಗಿ 605 ವರ್ಷ 5 ತಿಂಗಳಿಗೆ ಶಕಕಾಲ ಆರಂಭವಾಯಿತೆಂಬ ನಮ್ಮ ಲೆಕ್ಕದಂತೆ ವೀರಸಂವತ್ಸರ ಸುಮಾರು 1912. ಹಂಪೆಯ ಇನ್ನೊಂದು ಬಸದಿ, ಎರಡನೆಯ ದೇವರಾಯನು ಕಟ್ಟಿಸಿದ ಪಾರ್ಶ್ವನಾಥ ಚೈತ್ಯಾಲಯ. ಅದರ ಕಾಲ ಶಕವರ್ಷ 1348, ಕ್ರಿ.ಶ. 1426, ಸಂವತ್ಸರ ಪರಾಭವ.

ಹೆಸರುಗಳನ್ನು ಗಮನಿಸಬೇಕು. ಒಂದು ಕೋಪದ ವರ್ಷ, ಇನ್ನೊಂದು ಸೋಲಿನ ವರ್ಷ. ಕಾಲವಂತೂ ಪಂಚಮಕಾಲ. ಆದರೂ ಕ್ರೋಧನದಲ್ಲಿ ಎದ್ದುದು ಕ್ರೋಧವನ್ನು ಗೆದ್ದ ಜಿನರ ಆಲಯ. ಪರಾಭವದಲ್ಲಿ ಎದ್ದುದು ಯಾರಿಂದಲೂ ಸೋಲದ ಜಿನರ ಆಲಯ. ಮಾಡುವವರು ವರ್ಷದ ಹೆಸರು ನೋಡಿ ಕೈಕಟ್ಟಿ ಕುಳಿತಿರಲಿಲ್ಲ.

ನಮ್ಮ ಕಾಲದ ಮಾತಿಗೆ ಬರೋಣ. ಸಂಡೂರಿನ ಬೆಟ್ಟಗಳಲ್ಲಿ ಅನುಮತಿಯ ಮೇರೆ ಮೀರಿ, ಅರಣ್ಯದ ಗಡಿ ಮೀರಿ ಕಬ್ಬಿಣದ ಅದಿರನ್ನು ಅಗೆದುದು 2008 ಮತ್ತು 2011ರ ಲೋಕಾಯುಕ್ತ ವರದಿಗಳಲ್ಲಿ ದಾಖಲಾಗಿದೆ. 2011ರಲ್ಲಿ ಸರ್ವೋಚ್ಚ ನ್ಯಾಯಾಲಯವು ಬಳ್ಳಾರಿ ಜಿಲ್ಲೆಯ ಗಣಿಗಾರಿಕೆಯನ್ನೇ ತಡೆಯಬೇಕಾಯಿತು. ಆ ದಿನಗಳ ಮಾತು ಬಂದಾಗಲೆಲ್ಲ “ಆಗ ಕಾಲವೇ ಹಾಗಿತ್ತು” ಎಂಬ ಉತ್ತರ ಸಿದ್ಧವಾಗಿರುತ್ತದೆ. ಕಾಲವು ಗುದ್ದಲಿ ಹಿಡಿಯಲಿಲ್ಲ. ರಸೀತಿಯಲ್ಲಿ ತೂಕವನ್ನು ಬರೆಯಲಿಲ್ಲ. ಹಿಡಿದವರ, ಬರೆದವರ, ಕಂಡೂ ಸುಮ್ಮನಿದ್ದವರ ಕೈಗಳಿದ್ದವು. ಸುಮ್ಮನಿದ್ದವರಲ್ಲಿ ನಾನೂ ಒಬ್ಬನೆಂದು ಹೇಳಿಕೊಳ್ಳದಿದ್ದರೆ ಈ ಬರಹಕ್ಕೆ ಅರ್ಥವಿಲ್ಲ. ಹುಡುಗನ ಮಬ್ಬುಮಾಸಕ್ಕಾದರೂ 40 ದಿನಗಳ ಮಿತಿಯಿದೆ. ನಮ್ಮ ನೆಪಕ್ಕೆ ನಾವು 21,000 ವರ್ಷಗಳ ಅವಧಿ ಕೊಟ್ಟುಕೊಂಡಿದ್ದೇವೆ.

ಹೊರಡುವಾಗ ಅವನಿಗೆ ಹೇಳಿದೆ: ನಿನ್ನ ಪಂಚಾಂಗವನ್ನು ತಿದ್ದಬೇಡ. ಆದರೆ ಮಬ್ಬುಮಾಸದಲ್ಲಿಯೂ ಸರಿಯಾಗಿ ತೂಗಿಕೊಡುವ ಒಬ್ಬ ಅಂಗಡಿಯವನು ಆ ಲೋಕದಲ್ಲಿರಲಿ. ಅಂಥವನೊಬ್ಬನು ನಮ್ಮ ಊರಿನಲ್ಲಿಯೂ ಇರಲೆಂಬುದೇ ಅಣುವ್ರತದ ಆಶಯ. ಅವನು ಯಾರಾಗಬೇಕೆಂಬುದನ್ನು ಯಾವ ಪಂಚಾಂಗವೂ ಹೇಳುವುದಿಲ್ಲ, ನಾವೇ ನಿರ್ಧರಿಸಬೇಕು.